ಕಾಲ್ಬೆರಳು ಮುರಿದರೆ: ಹೊಸ್ತಿಲು ಎಡವಿದ ದಿನದಿಂದ ಮತ್ತೆ ತೋಟಕ್ಕೆ ಇಳಿಯುವವರೆಗೆ

"ನಡೆಯಲಿಕ್ಕೆ ಆಗ್ತದೆ ಅಲ್ವಾ? ಹಾಗಾದ್ರೆ ಮುರಿದಿರಲಿಕ್ಕಿಲ್ಲ ಬಿಡಿ." ಕಾಲ್ಬೆರಳಿಗೆ ಏಟು ಬಿದ್ದಾಗ ನಮ್ಮ ಕಾಸರಗೋಡಿನ ಕಡೆ ಈ ಮಾತು ಹೇಳದ ಮನೆ ಇಲ್ಲ. ಮಾತು ಮಾತ್ರ ತಪ್ಪು. ಬೆರಳಿನ ಎಲುಬು ಮುರಿದವರೂ ಹಿಮ್ಮಡಿ ಊರಿಕೊಂಡು ಆರಾಮವಾಗಿ ಅಡುಗೆಮನೆಯಿಂದ ಜಗಲಿಗೆ ಬರುತ್ತಾರೆ. ನಡೆಯಲು ಆಗುತ್ತದೆಯೋ ಇಲ್ಲವೋ ಎಂಬುದರಿಂದ ಮುರಿತ ಗೊತ್ತಾಗುವುದಿಲ್ಲ.

ಒಂದು ಪಾದದ ಐದು ಬೆರಳುಗಳಲ್ಲಿ ಒಟ್ಟು 14 ಎಲುಬುಗಳಿವೆ. ಹೆಬ್ಬೆರಳಿಗೆ 2, ಉಳಿದ ನಾಲ್ಕಕ್ಕೆ ತಲಾ 3. ಇವು ಮುರಿಯಲು ದೊಡ್ಡ ಅಪಘಾತವೇ ಆಗಬೇಕಿಲ್ಲ. ಹಳೇ ಮನೆಯ ಎತ್ತರದ ಹೊಸ್ತಿಲು ಸಾಕು, ಮುರಕಲ್ಲಿನ ಮೆಟ್ಟಿಲು ಸಾಕು. ಮನೆಯೊಳಗೆ ನಾವೆಲ್ಲ ಬರಿಗಾಲಲ್ಲೇ ಇರುವುದಲ್ವಾ, ಕರೆಂಟ್ ಹೋದ ರಾತ್ರಿ ಮಂಚದ ಕಾಲಿಗೆ ಕಿರುಬೆರಳು ತಾಗಿದರೆ ಮುಗಿಯಿತು. ಮೇಲಿಂದ ಭಾರ ಬಿದ್ದು ಮುರಿಯುವುದು ಇನ್ನೊಂದು ಬಗೆ: ಲಾರಿಯಿಂದ ಇಳಿಸುವಾಗ ಜಾರಿದ ಕೆಂಪುಕಲ್ಲು, ಕೈತಪ್ಪಿದ ತೆಂಗಿನಕಾಯಿ, ತುಂಬಿದ ಗ್ಯಾಸ್ ಸಿಲಿಂಡರ್. ಸಿಲಿಂಡರಿನೊಳಗೆ ಗ್ಯಾಸೇ 14.2 ಕಿಲೋ ಇರುತ್ತದೆ, ಕಬ್ಬಿಣದ ತೂಕ ಬೇರೆ.

ಒಂದು ಸಮಾಧಾನ ಏನೆಂದರೆ, ಕಿರುಬೆರಳು ಮತ್ತು ನಡುವಿನ ಬೆರಳುಗಳ ಸಾದಾ ಮುರಿತ ಹೆಚ್ಚಾಗಿ ಮನೆಯಲ್ಲೇ ವಾಸಿಯಾಗುತ್ತದೆ. ಯಾವುದು ಮನೆಯ ಕೆಲಸ, ಯಾವುದು ಆಸ್ಪತ್ರೆಯ ಕೆಲಸ ಎಂದು ಮೊದಲ ದಿನವೇ ಸರಿಯಾಗಿ ವಿಂಗಡಿಸಬೇಕು, ಅಷ್ಟೇ.

1. ಮೊದಲು ಕಾಲುಂಗುರ ತೆಗೆಯಿರಿ

ಐಸ್ ಹುಡುಕುವ ಮೊದಲೇ ಮಾಡಬೇಕಾದ ಕೆಲಸ ಇದು. ಏಟು ಬಿದ್ದ ಒಂದೆರಡು ಗಂಟೆಯೊಳಗೆ ಬೆರಳು ಬಾತುಕೊಳ್ಳುತ್ತದೆ. ಆಮೇಲೆ ಉಂಗುರ ಕದಲುವುದಿಲ್ಲ, ರಕ್ತ ಓಡಾಡುವುದೂ ಕಷ್ಟ. ಪಕ್ಕದ ಬೆರಳಿಗೆ ಏಟಾಗಿದ್ದರೂ ತೆಗೆದುಬಿಡಿ. ಬಾವು ಅಲ್ಲಿಗೂ ಹರಡುತ್ತದೆ.

ಹೆಚ್ಚಿನ ಬೆಳ್ಳಿ ಕಾಲುಂಗುರಗಳು ಅಡಿಭಾಗದಲ್ಲಿ ಬಾಯಿ ಬಿಟ್ಟಿರುತ್ತವೆ. ಎರಡು ತುದಿಯನ್ನು ಮೆಲ್ಲಗೆ ಅಗಲಿಸಿದರೆ ಬರುತ್ತದೆ. ಎರಡು ಮೂರು ಸುತ್ತಿನ ಉಂಗುರವಾದರೆ ಸಾಬೂನು ನೀರೋ ತೆಂಗಿನೆಣ್ಣೆಯೋ ಹಚ್ಚಿ, ಕಾಲು ಎತ್ತಿ ಹಿಡಿದು, ತಿರುಗಿಸುತ್ತಾ ಹೊರಗೆ ತನ್ನಿ. ಬರಲೇ ಇಲ್ಲವೆಂದರೆ ಎಳೆದಾಡಬೇಡಿ, ಕತ್ತರಿಸಿಬಿಡಿ. ಆಸ್ಪತ್ರೆಯಲ್ಲಿ ಅದಕ್ಕೆಂದೇ ಸಣ್ಣ ಕಟ್ಟರ್ ಇರುತ್ತದೆ, ಪೇಟೆಯ ಅಕ್ಕಸಾಲಿಗರೂ ಎರಡು ನಿಮಿಷದಲ್ಲಿ ಕತ್ತರಿಸಿ ಕೊಡುತ್ತಾರೆ. "ಮದುವೆಯಲ್ಲಿ ಹಾಕಿದ್ದು, ತೆಗೆಯಬಾರದು" ಎಂದು ಅತ್ತೆಯೋ ಅಜ್ಜಿಯೋ ತಡೆಯಬಹುದು. ಬೆರಳು ಉಳಿದರೆ ಉಂಗುರವನ್ನು ಬೆಸುಗೆ ಹಾಕಿಸಿ ಮತ್ತೆ ತೊಡಬಹುದು ಎಂದು ಹೇಳಿ.

2. ಮೊದಲ ಎರಡು ದಿನ: ಐಸ್, ಎತ್ತರ, ವಿಶ್ರಾಂತಿ

ಐಸನ್ನು ಬಟ್ಟೆಯಲ್ಲಿ ಸುತ್ತಿ 15ರಿಂದ 20 ನಿಮಿಷ ಇಡಿ. ಎರಡು ಮೂರು ಗಂಟೆಗೊಮ್ಮೆ ಹೀಗೆ ಮಾಡಿ. ನೇರವಾಗಿ ಚರ್ಮಕ್ಕೆ ಐಸ್ ಒತ್ತಿದರೆ ಚರ್ಮ ಸುಟ್ಟ ಹಾಗಾಗುತ್ತದೆ. ಐಸ್ ಇಲ್ಲದಿದ್ದರೆ ಫ್ರೀಜರಿನಲ್ಲಿಟ್ಟ ಹಾಲಿನ ಪ್ಯಾಕೆಟ್ ಆದರೂ ನಡೆಯುತ್ತದೆ.

ಕಾಲು ಎತ್ತರದಲ್ಲಿಡಬೇಕು. ಎತ್ತರ ಎಂದರೆ ಕುರ್ಚಿಯಲ್ಲಿ ಕೂತು ಎದುರಿನ ಸ್ಟೂಲಿಗೆ ಕಾಲು ಚಾಚುವುದಲ್ಲ. ಮಲಗಿ, ಎರಡು ದಿಂಬಿನ ಮೇಲೆ ಕಾಲಿಟ್ಟು, ಪಾದ ಎದೆಗಿಂತ ಮೇಲಿರಬೇಕು. ರಾತ್ರಿ ಬೆರಳು ಟಪ್ ಟಪ್ ಎಂದು ಮಿಡಿದು ನಿದ್ದೆ ಕೆಡಿಸುವುದಕ್ಕೆ ಇದಕ್ಕಿಂತ ಒಳ್ಳೆ ಮದ್ದಿಲ್ಲ.

ನೋವಿಗೆ ಪ್ಯಾರಾಸಿಟಮಾಲ್ ಸಾಕು. ದೊಡ್ಡವರಿಗೆ 500 ಮಿಲಿಗ್ರಾಂನ ಒಂದು ಅಥವಾ ಎರಡು ಮಾತ್ರೆ, ಮತ್ತೆ ತೆಗೆದುಕೊಳ್ಳಲು ಕನಿಷ್ಠ 4ರಿಂದ 6 ಗಂಟೆ ಬಿಡಬೇಕು, 24 ಗಂಟೆಯಲ್ಲಿ 8 ಮಾತ್ರೆ ದಾಟಬಾರದು. ಲಿವರ್ ತೊಂದರೆ ಇದ್ದವರಿಗೆ, ದಿನವೂ ಕುಡಿಯುವವರಿಗೆ, ತೀರಾ ತೆಳ್ಳಗಿನವರಿಗೆ ಇಷ್ಟೂ ಜಾಸ್ತಿಯೇ, ಡಾಕ್ಟರನ್ನು ಕೇಳಿ. ಮೆಡಿಕಲ್ ಶಾಪಿನಲ್ಲಿ ಕೇಳಿದರೆ ಕೊಡುವ ಐಬುಪ್ರೊಫೆನ್, ಡೈಕ್ಲೋಫೆನಾಕ್ ಮಾತ್ರೆಗಳು ಹೊಟ್ಟೆಹುಣ್ಣು, ಕಿಡ್ನಿ ತೊಂದರೆ ಇದ್ದವರಿಗೆ, ರಕ್ತ ತೆಳುವಾಗುವ ಮಾತ್ರೆ ತಿನ್ನುವವರಿಗೆ ಆಗಿಬರುವುದಿಲ್ಲ.

ಈಗ ಎಣ್ಣೆಯ ವಿಷಯ. ಗಡಿಯ ಈಚೆ, ಕೇರಳದಲ್ಲಿ ಇದ್ದ ಮೇಲೆ ಮನೆಯಲ್ಲಿ ಏಟಿಗೆ ಹಚ್ಚುವ ಆಯುರ್ವೇದದ ಎಣ್ಣೆ ಮುರಿವೆಣ್ಣ ಒಂದು ಬಾಟಲಿ ಇದ್ದೇ ಇರುತ್ತದೆ. ಎಣ್ಣೆಯ ಬಗ್ಗೆ ನನಗೆ ಜಗಳ ಇಲ್ಲ. ಜಗಳ ಇರುವುದು ತಿಕ್ಕುವುದರ ಬಗ್ಗೆ. ಮುರಿದ ಎಲುಬಿನ ಮೇಲೆ ಹೆಬ್ಬೆಟ್ಟು ಒತ್ತಿ ನೀವಿದರೆ ಸರಿಯಾಗಿ ಕೂತಿದ್ದ ತುಂಡು ಜರುಗಬಹುದು, ಒಳಗೆ ರಕ್ತ ಸೋರಿ ಬಾವು ಹೆಚ್ಚುವುದಂತೂ ಖಂಡಿತ. "ಉಳುಕು ಅಷ್ಟೇ, ಒಂದು ಸಲ ಎಳೆದು ಬಿಟ್ಟರೆ ಕೂತುಕೊಳ್ಳುತ್ತದೆ" ಎನ್ನುವವರಿಗೆ ಬೆರಳು ಕೊಡಲೇಬೇಡಿ. ಬಾವು ಇಳಿದ ಮೇಲೆ, ಗಾಯ ಇಲ್ಲದ ಚರ್ಮದ ಮೇಲೆ, ಒತ್ತದೆ ಸುಮ್ನೆ ಹಚ್ಚಿಕೊಳ್ಳುವುದಾದರೆ ಅದು ನಿಮ್ಮಿಷ್ಟ. ಬಿಸಿನೀರಿನ ಶಾಖವೂ ಮೊದಲ ಎರಡು ದಿನ ಬೇಡ.

3. ಡಾಕ್ಟರ ಹತ್ತಿರ ಹೋಗಲೇಬೇಕಾದವರು

ಬೆರಳು ಒಂದು ಬದಿಗೆ ವಾಲಿದ್ದರೆ, ಪಕ್ಕದ ಬೆರಳಿನ ಮೇಲೆ ಹತ್ತಿ ಕೂತಿದ್ದರೆ, ಅಥವಾ ಎರಡೂ ಕಾಲನ್ನು ಪಕ್ಕಪಕ್ಕ ಇಟ್ಟು ನೋಡಿದಾಗ ಉಗುರು ಬೇರೆ ದಿಕ್ಕಿಗೆ ತಿರುಗಿದ್ದರೆ ಮನೆಮದ್ದು ಸಾಲದು. ಬೆರಳಿನ ಬುಡಕ್ಕೆ ಮರಗಟ್ಟಿಸುವ ಇಂಜೆಕ್ಷನ್ ಕೊಟ್ಟು ಡಾಕ್ಟರು ನೇರ ಮಾಡುತ್ತಾರೆ. ಚರ್ಮ ಹರಿದಿದ್ದರೆ ಅದೇ ದಿನ ಹೋಗಬೇಕು. ಗಾಯದ ದಾರಿಯಲ್ಲಿ ಸೋಂಕು ಎಲುಬಿಗೆ ಇಳಿದರೆ ವಾರಗಳ ಕೆಲಸ ತಿಂಗಳುಗಳಿಗೆ ಎಳೆಯುತ್ತದೆ. ತೋಟದ ಮಣ್ಣೋ ಸೆಗಣಿಯೋ ಗಾಯಕ್ಕೆ ತಾಗಿದ್ದು, ಟಿಟಿ ಇಂಜೆಕ್ಷನ್ ತೆಗೆದುಕೊಂಡು 5 ವರ್ಷ ದಾಟಿದ್ದರೆ ಅದನ್ನೂ ಕೇಳಿ ಹಾಕಿಸಿಕೊಳ್ಳಿ.

ಬೆರಳು ತಣ್ಣಗೆ, ಬಿಳಚಿಕೊಂಡು ಅಥವಾ ನೀಲಿಯಾಗಿ, ಮುಟ್ಟಿದ್ದೇ ಗೊತ್ತಾಗದಂತಿದ್ದರೆ ಕಾಯಬೇಡಿ. ಉಗುರನ್ನು ಒತ್ತಿ ಬಿಡಿ. ಬೆಳ್ಳಗಾದ ಉಗುರು ಎರಡು ಸೆಕೆಂಡಿನೊಳಗೆ ಮತ್ತೆ ಕೆಂಪಾಗಬೇಕು.

ಹೆಬ್ಬೆರಳಿಗೆ ಏಟಾಗಿದ್ದರೆ ಎಕ್ಸ್‌ರೇ ತೆಗೆಸಿಯೇಬಿಡಿ. ಪ್ರತಿ ಹೆಜ್ಜೆಯಲ್ಲೂ ನೆಲವನ್ನು ಒತ್ತಿ ದೇಹವನ್ನು ಮುಂದಕ್ಕೆ ತಳ್ಳುವುದು ಹೆಬ್ಬೆರಳೇ. ಅದರ ಗಂಟಿನೊಳಗೆ ಮುರಿತ ಹೋಗಿದ್ದು, ಹಾಗೇ ಬಿಟ್ಟರೆ ಮುಂದೆ ಗಂಟು ಬಿಗಿದುಕೊಂಡು ಸಂಧಿವಾತ ಕಾಡಬಹುದು. ಕೆಲವೊಮ್ಮೆ ಸಣ್ಣ ತಂತಿ ಹಾಕಿ ಕೂರಿಸಬೇಕಾಗುತ್ತದೆ. ನೋವು ಬೆರಳಿನಲ್ಲಿ ಮಾತ್ರವಲ್ಲದೆ ಪಾದದ ಮೇಲ್ಭಾಗದಲ್ಲೂ ಇದ್ದರೆ, ಅಥವಾ ಕಾಲು ಹೊರಳಿ ಪಾದದ ಹೊರಅಂಚಿನ ನಡುವೆ ಒತ್ತಿದಲ್ಲಿ ನೋಯುತ್ತಿದ್ದರೆ, ಮುರಿದದ್ದು ಬೆರಳಲ್ಲ, ಪಾದದ ಉದ್ದ ಎಲುಬು ಇರಬಹುದು. ಅದರ ಲೆಕ್ಕವೇ ಬೇರೆ.

ಮಕ್ಕಳ ವಿಷಯದಲ್ಲಿ ಒಂದು ಗುಟ್ಟು: ಹೆಬ್ಬೆರಳು ಎಡವಿ ಉಗುರಿನ ಬುಡದಲ್ಲಿ ರಕ್ತ ಬಂದಿದ್ದರೆ "ಉಗುರು ಕಿತ್ತಿದೆ" ಎಂದು ಬ್ಯಾಂಡೇಜ್ ಸುತ್ತಿ ಬಿಡಬೇಡಿ. ಉಗುರಿನ ಕೆಳಗೇ ಎಲುಬು ಬೆಳೆಯುವ ಜಾಗ ಇದೆ. ಅಲ್ಲಿ ಮುರಿದು ಗಾಯ ಬಾಯಿಬಿಟ್ಟಿದ್ದರೆ ಆಂಟಿಬಯಾಟಿಕ್ ಬೇಕಾಗುತ್ತದೆ.

ಶುಗರ್ ಇರುವವರಿಗೆ ಸ್ವಲ್ಪ ಗಟ್ಟಿಯಾಗಿಯೇ ಹೇಳುತ್ತೇನೆ. ವರ್ಷಗಟ್ಟಲೆ ಶುಗರ್ ಇದ್ದವರ ಪಾದದಲ್ಲಿ ಸ್ಪರ್ಶ ಕಡಿಮೆಯಾಗಿರುತ್ತದೆ. ಮುರಿದರೂ ನೋವು ಅಷ್ಟಾಗಿ ಗೊತ್ತಾಗುವುದಿಲ್ಲ. ನೋವಿಲ್ಲ ಎಂದು ತೋಟಕ್ಕೆ ಹೋಗುತ್ತಾರೆ, ನೀರು ಬಿಡುತ್ತಾರೆ, ಕೆಸರು ತುಳಿಯುತ್ತಾರೆ. ಒಂದು ವಾರದ ಮೇಲೆ ಪಾದ ಕೆಂಪಗೆ ಬಾತು, ಮುಟ್ಟಿದರೆ ಬಿಸಿ. ಆಗಲೂ ನೋವಿರುವುದಿಲ್ಲ. ಇದು ಬಹಳ ಕೆಟ್ಟ ಸೂಚನೆ. ಪಾದದ ಎಲುಬುಗಳೇ ಕುಸಿಯಲು ಶುರುವಾಗಿರಬಹುದು. ಹಾಗಾಗಿ ಶುಗರ್ ಇರುವವರು, ಕಾಲಿಗೆ ರಕ್ತಸಂಚಾರ ಕಡಿಮೆ ಇರುವವರು ಮನೆಯಲ್ಲಿ ಪಟ್ಟಿ ಸುತ್ತುವುದು, ಐಸ್, ಶಾಖ ಯಾವುದನ್ನೂ ಸ್ವಂತ ಬುದ್ಧಿಯಿಂದ ಮಾಡಬೇಡಿ. ಬಿಗಿಯಾದ ಪಟ್ಟಿ ಚರ್ಮ ಕೊರೆದರೂ ನಿಮಗೆ ತಿಳಿಯುವುದಿಲ್ಲ.

4. ಎಲ್ಲಿಗೆ ಹೋಗುವುದು?

ಏನಾದರೂ ಆದರೆ ಸೀದಾ ಮಂಗಳೂರು ಎನ್ನುವುದು ನಮ್ಮ ರೂಢಿ. 2020ರ ಮಾರ್ಚಿನಲ್ಲಿ, ಕೊರೊನಾ ಹೊತ್ತಿಗೆ, ತಲಪಾಡಿಯಲ್ಲಿ ಕೇರಳ-ಕರ್ನಾಟಕ ಗಡಿ ಮುಚ್ಚಿದಾಗ ಆ ರೂಢಿಯ ಬಿಸಿ ಎಷ್ಟು ಎಂದು ಎಲ್ಲರಿಗೂ ಗೊತ್ತಾಗಿದೆ. ಕಾಲ್ಬೆರಳಿನ ಸಾದಾ ಮುರಿತಕ್ಕೆ ತಲಪಾಡಿ ದಾಟಬೇಕಾಗಿಲ್ಲ. ಕಾಸರಗೋಡಿನ ಜನರಲ್ ಆಸ್ಪತ್ರೆ, ಉಪ್ಪಳ ಕಡೆಯವರಿಗೆ ಮಂಗಲ್ಪಾಡಿಯ ತಾಲೂಕು ಆಸ್ಪತ್ರೆ, ಬದಿಯಡ್ಕ ಪೆರ್ಲದವರಿಗೆ ಹತ್ತಿರದ ಉಕ್ಕಿನಡ್ಕದಲ್ಲಿ ಸರಕಾರಿ ಮೆಡಿಕಲ್ ಕಾಲೇಜು ಇವೆ. ಹೊರಡುವ ಮೊದಲು ಫೋನ್ ಮಾಡಿ ಎರಡು ಪ್ರಶ್ನೆ ಕೇಳಿ: ಎಲುಬಿನ ಡಾಕ್ಟರು ಇವತ್ತು ಇದ್ದಾರಾ, ಎಕ್ಸ್‌ರೇ ಎಷ್ಟು ಗಂಟೆವರೆಗೆ? ಮಧ್ಯಾಹ್ನ ಒಪಿ ಮುಗಿದ ಮೇಲೆ ಕುಂಟುತ್ತಾ ಹೋಗಿ ವಾಪಸ್ ಬರುವುದು ತಪ್ಪುತ್ತದೆ. ಹೋಗಬೇಕೋ ಬೇಡವೋ ಎಂಬ ಗೊಂದಲ ಇದ್ದರೆ ಕೇರಳ ಸರಕಾರದ ದಿಶಾ ಸಹಾಯವಾಣಿ 1056ಕ್ಕೆ ಫೋನ್ ಮಾಡಬಹುದು.

ಮಲಯಾಳ ಅಷ್ಟಾಗಿ ಬಾರದ ಹಿರಿಯರನ್ನು ಕಳುಹಿಸುವುದಾದರೆ ಯಾವಾಗ, ಹೇಗೆ ಏಟಾಯಿತು, ಯಾವ ಮಾತ್ರೆಗಳು ನಡೆಯುತ್ತಿವೆ, ಯಾವ ಮದ್ದು ಆಗುವುದಿಲ್ಲ ಎಂದು ಒಂದು ಚೀಟಿಯಲ್ಲಿ ಬರೆದು, ಮಾತ್ರೆಯ ಹಾಳೆಗಳನ್ನೇ ಚೀಲಕ್ಕೆ ಹಾಕಿ ಕೊಡಿ.

ಕಿರುಬೆರಳಿಗೆ ಡಾಕ್ಟರು ಎಕ್ಸ್‌ರೇ ಬರೆಯದೇ ಇದ್ದರೆ "ಸರಿಯಾಗಿ ನೋಡಲಿಲ್ಲ" ಎಂದು ಬೇಸರ ಮಾಡಬೇಡಿ. ಬೆರಳು ನೇರ ಇದ್ದರೆ, ಮುರಿದಿದ್ದರೂ ಬರೀ ಜಜ್ಜಿದ್ದರೂ ಮದ್ದು ಒಂದೇ.

5. ಪಕ್ಕದ ಬೆರಳಿಗೆ ಕಟ್ಟುವುದು

ಗೊನೆ ಬಿಟ್ಟ ಬಾಳೆಗೆ ಊರುಗೋಲು ಕೊಡುತ್ತೇವಲ್ಲ, ಅದೇ ಉಪಾಯ. ಮುರಿದ ಬೆರಳಿಗೆ ಪಕ್ಕದ ಗಟ್ಟಿ ಬೆರಳೇ ಊರುಗೋಲು.

ಬೇಕಾಗುವುದು ಅರ್ಧ ಇಂಚು ಅಗಲದ ಮೆಡಿಕಲ್ ಟೇಪ್, ಸ್ವಲ್ಪ ಗಾಜ್ ಬಟ್ಟೆ ಅಥವಾ ಹತ್ತಿ. ಪೇಪರ್ ಟೇಪ್ ಚರ್ಮಕ್ಕೆ ಹಿತ, ಆದರೆ ನಮ್ಮ ಸೆಕೆಗೆ, ಬೆವರಿಗೆ ಸಂಜೆಯೊಳಗೆ ಬಿಟ್ಟುಕೊಳ್ಳುತ್ತದೆ. ಬಟ್ಟೆಯ ಟೇಪ್ ಗಟ್ಟಿ ನಿಲ್ಲುತ್ತದೆ, ಕೆಲವರಿಗೆ ತುರಿಕೆ ಬರುತ್ತದೆ. ಸೆಲ್ಲೋಟೇಪ್, ಇನ್ಸುಲೇಶನ್ ಟೇಪ್ ಬೇಡವೇ ಬೇಡ.

ಕಾಲು ತೊಳೆದು, ಬೆರಳುಗಳ ಸಂದು ಪೂರ್ತಿ ಒಣಗಿಸಿ. ಎರಡು ಬೆರಳಿನ ನಡುವೆ ಗಾಜ್ ಮಡಚಿ ಇಡಿ. ಇದನ್ನು ಬಿಡಬಾರದು, ಚರ್ಮಕ್ಕೆ ಚರ್ಮ ತಾಗಿಕೊಂಡೇ ಇದ್ದರೆ ಬೆವರಿನಲ್ಲಿ ನೆನೆದು ಬಿಳಿಯಾಗಿ ಹುಣ್ಣಾಗುತ್ತದೆ. ಆಮೇಲೆ ಬೆರಳಿನ ಬುಡದ ಹತ್ತಿರ ಒಂದು ಸುತ್ತು, ನಡುಗಂಟು ದಾಟಿ ಸ್ವಲ್ಪ ತುದಿಯ ಕಡೆಗೆ ಇನ್ನೊಂದು ಸುತ್ತು ಟೇಪ್ ಹಾಕಿ. ಬೆರಳಿನ ತುದಿ ಕಾಣುತ್ತಿರಬೇಕು. ಟೇಪನ್ನು ಎಳೆದು ಬಿಗಿಯಬೇಡಿ, ಇಟ್ಟ ಹಾಗೆ ಸುತ್ತಿ. ಅರ್ಧ ಗಂಟೆ ಬಿಟ್ಟು ಮತ್ತೆ ಉಗುರು ಒತ್ತಿ ನೋಡಿ. ಜುಮ್ಮೆನ್ನುತ್ತಿದ್ದರೆ, ತುದಿ ನೀಲಿಯಾದರೆ ಬಿಚ್ಚಿ ಸಡಿಲವಾಗಿ ಕಟ್ಟಿ.

ಕಿರುಬೆರಳಿಗೆ ಪಕ್ಕದ ನಾಲ್ಕನೆಯದು ಜೊತೆ. ಎರಡನೆಯ ಬೆರಳನ್ನು ಹೆಬ್ಬೆರಳಿಗೆ ಕಟ್ಟಬೇಡಿ, ಮೂರನೆಯದಕ್ಕೆ ಕಟ್ಟಿ. ಹೆಬ್ಬೆರಳು ನಡೆಯುವಾಗ ಬೇರೆಯೇ ರೀತಿ ಮಡಚುವುದರಿಂದ ಜೊತೆಯವನನ್ನು ಎಳೆದಾಡುತ್ತದೆ.

ದಿನಾ ಸ್ನಾನದ ನಂತರ ಬಿಚ್ಚಿ, ಒಣಗಿಸಿ, ಹೊಸದಾಗಿ ಕಟ್ಟಬೇಕು. ಮಳೆಗಾಲದಲ್ಲಿ ಒದ್ದೆಯಾದಾಗಲೆಲ್ಲ ಬದಲಿಸಿ. ವರ್ಷಕ್ಕೆ 3,000 ಮಿಲಿಮೀಟರ್‌ಗೂ ಜಾಸ್ತಿ ಮಳೆ ಸುರಿಯುವ ಊರಿನಲ್ಲಿ ಒದ್ದೆ ಟೇಪ್ ಇಟ್ಟುಕೊಂಡರೆ ಮುರಿತ ವಾಸಿಯಾಗುವ ಹೊತ್ತಿಗೆ ಬೆರಳ ಸಂದಿಯಲ್ಲಿ ಫಂಗಸ್ ತಯಾರಾಗಿರುತ್ತದೆ. ಹೀಗೆ 2ರಿಂದ 4 ವಾರ.

ಉಗುರಿನ ಕೆಳಗೆ ಕಪ್ಪಗೆ ರಕ್ತ ಕಟ್ಟಿ ಸಿಡಿಯುವಂಥ ನೋವಿದ್ದರೆ ಡಾಕ್ಟರು ಉಗುರಿಗೆ ಸಣ್ಣ ತೂತು ಮಾಡಿ ರಕ್ತ ಬಿಡುತ್ತಾರೆ, ಕೂಡಲೇ ಹಾಯೆನಿಸುತ್ತದೆ. ಸೂಜಿ ಕಾಯಿಸಿ ಮನೆಯಲ್ಲಿ ಮಾಡಲು ಹೋಗಬೇಡಿ. ಕೆಳಗೆ ಎಲುಬು ಮುರಿದಿದ್ದರೆ ಸೋಂಕಿಗೆ ನೀವೇ ಬಾಗಿಲು ತೆರೆದಂತೆ. ನೋವಿಲ್ಲದ ಕಪ್ಪು ಉಗುರನ್ನು ಅದರ ಪಾಡಿಗೆ ಬಿಡಿ. ಕೆಲವು ವಾರದಲ್ಲಿ ಉದುರಬಹುದು, ಹೊಸ ಹೆಬ್ಬೆರಳ ಉಗುರು ಪೂರ್ತಿ ಬೆಳೆಯಲು ಒಂದು ವರ್ಷವೂ ಹಿಡಿಯುತ್ತದೆ.

6. ಚಪ್ಪಲಿ ಬದಲಿಸಿ

ಟೇಪಿಗಿಂತ ಚಪ್ಪಲಿ ಮುಖ್ಯ ಎಂದು ನನ್ನ ಅಭಿಪ್ರಾಯ. ಬಾಗುವ ಅಟ್ಟೆ ಇದ್ದರೆ ಪ್ರತಿ ಹೆಜ್ಜೆಗೂ ಮುರಿದ ಬೆರಳು ಬಾಗುತ್ತದೆ. ಬಾಗದ ಗಟ್ಟಿ ಅಟ್ಟೆ, ಮುಂದೆ ಅಗಲವಾದ ಜಾಗ, ಪಾದವನ್ನು ಪಟ್ಟಿಯಲ್ಲಿ ಹಿಡಿದಿಡುವ ಸ್ಯಾಂಡಲ್ ಬೇಕು. ಅಂಗಡಿಯಲ್ಲಿ ಚಪ್ಪಲಿಯ ಮುಂದಿನ ಹಿಂದಿನ ತುದಿ ಹಿಡಿದು ಮಡಚಿ ನೋಡಿ, ಸುಲಭಕ್ಕೆ ಮಡಚಿದರೆ ಅದು ಬೇಡ. ನಮ್ಮ ಹವಾಯಿ ಚಪ್ಪಲಿಯಂತೂ ಎರಡು ರೀತಿಯಲ್ಲಿ ತೊಂದರೆ. ಅಟ್ಟೆ ಮೆತ್ತಗೆ, ಮೇಲಾಗಿ ಅದು ಜಾರದಂತೆ ಬೆರಳುಗಳು ಸದಾ ಹಿಡಿದುಕೊಂಡೇ ಇರಬೇಕು.

ಮನೆಯೊಳಗೂ ಕೆಲವು ವಾರ ಈ ಸ್ಯಾಂಡಲ್ ಹಾಕಿಯೇ ಓಡಾಡಿ. ದೇವರ ಕೋಣೆಗೆ ಬೇಡವೆನ್ನಿ, ಉಳಿದ ಕಡೆ ಯಾರು ಏನೆಂದರೂ ಪರವಾಗಿಲ್ಲ. ಒಳಗೆ ಹಾಕಲೆಂದೇ ಬೇರೆ ಜೊತೆ ಇಟ್ಟುಕೊಂಡರೆ ಗಲಾಟೆ ಇಲ್ಲ.

ಅಂಗಳದ ಹಾವಸೆ ಇನ್ನೊಂದು ಅಪಾಯ. ಕುಂಟುವ ಕಾಲು ಜಾರಿದರೆ ಈ ಸಲ ಸೊಂಟ. ಬಚ್ಚಲಿಗೆ, ಹಟ್ಟಿಗೆ ಹೋಗುವ ದಾರಿಗೆ ತೆಂಗಿನ ಮಡಲು ಅಥವಾ ಅಡಕೆ ಸಲಾಕೆ ಹಾಸಿಸಿ.

7. ದಿನನಿತ್ಯದ ಸಣ್ಣ ಸಂಗತಿಗಳು

ಊರುಗೋಲು ಹಿಡಿಯುವುದಾದರೆ ನೋವಿಲ್ಲದ ಕಾಲಿನ ಬದಿಯ ಕೈಯಲ್ಲಿ ಹಿಡಿಯಿರಿ. ಮೆಟ್ಟಿಲು ಹತ್ತುವಾಗ ಒಳ್ಳೆ ಕಾಲು ಮೊದಲು, ಇಳಿಯುವಾಗ ನೋವಿನ ಕಾಲು ಮೊದಲು. ಖಾಸಗಿ ಬಸ್ಸಿನ ಎತ್ತರದ ಮೆಟ್ಟಿಲಿಗೂ ಇದೇ ಲೆಕ್ಕ.

ನೆಲದ ಕಕ್ಕಸಿನಲ್ಲಿ ಕೂರುವಾಗ, ಏಳುವಾಗ ಬೆರಳಿನ ಮೇಲೆ ಭಾರ ಬರುತ್ತದೆ. ಮೊದಲ ಎರಡು ಮೂರು ವಾರಕ್ಕೆ ಕಮೋಡ್ ಸ್ಟೂಲ್ ತಂದಿಟ್ಟುಕೊಳ್ಳಿ. ನಮಾಜ್ ಮಾಡುವವರಿಗೆ ಸುಜೂದಿನಲ್ಲಿ, ಅಂದರೆ ಹಣೆ ನೆಲಕ್ಕೆ ತಾಗಿಸುವಾಗ, ಬೆರಳು ಮಡಚಿ ಊರಬೇಕಾಗುತ್ತದೆ, ವಾಸಿಯಾಗುವವರೆಗೆ ಕುರ್ಚಿಯಲ್ಲಿ ಕೂತು ಮಾಡಬಹುದು. ಮದುವೆ ಮನೆಯ ಊಟಕ್ಕೂ ಟೇಬಲ್ ಪಂಕ್ತಿಯೇ ಸರಿ.

ಗೇರಿನ ಬೈಕು ಬಿಡುವವರಿಗೆ ಎಡಗಾಲಾದರೆ ಗೇರು ಎತ್ತಲಾಗುವುದಿಲ್ಲ, ಬಲಗಾಲಾದರೆ ಬ್ರೇಕು. ಕಾರಾದರೆ ನಿಲ್ಲಿಸಿದ ಗಾಡಿಯಲ್ಲಿ ಕೂತು ಬ್ರೇಕನ್ನು ಜೋರಾಗಿ ಒತ್ತಿ ನೋಡಿ. ನೋವಿಗೆ ಕಾಲು ಹಿಂಜರಿದರೆ ಇನ್ನೂ ಸಮಯ ಆಗಿಲ್ಲ.

ಊಟದ ವಿಷಯದಲ್ಲಿ ನಮ್ಮ ಕಡೆಯ ನಂಜಿನ ಪಟ್ಟಿ ಉದ್ದ ಇದೆ. ಮೀನು ನಂಜು, ಮೊಟ್ಟೆ ನಂಜು, ಬದನೆ ನಂಜು. ಎಲುಬು ಕೂಡಲು ಪ್ರೋಟೀನ್ ಮತ್ತು ಕ್ಯಾಲ್ಸಿಯಂ ಬೇಕಾದ ಹೊತ್ತಲ್ಲೇ ಇವನ್ನು ಬಿಡಿಸಿ ಗಂಜಿ ಉಪ್ಪಿನಕಾಯಿ ಕೊಟ್ಟರೆ ಏನು ಪ್ರಯೋಜನ? ಬೂತಾಯಿ ಮೀನು ತಿನ್ನುವವರು ಧಾರಾಳವಾಗಿ ತಿನ್ನಿ, ಮೆತ್ತಗೆ ಬೆಂದ ಮುಳ್ಳು ಸಮೇತ. ತಿನ್ನದವರಿಗೆ ರಾಗಿ, ಹಾಲು, ಮೊಸರು, ಎಳ್ಳು, ಬೇಳೆಕಾಳು ಇವೆ. ಬಿಡಬೇಕಾದದ್ದು ಬೀಡಿ ಸಿಗರೇಟು. ಎಲುಬು ಕೂಡುವುದನ್ನು ಅವು ನಿಧಾನ ಮಾಡುತ್ತವೆ.

8. ವಾರದಿಂದ ವಾರಕ್ಕೆ

ಎರಡು ಮೂರನೇ ದಿನ ಬಾವು ಜೋರಾಗಿರುತ್ತದೆ. ರಕ್ತ ಕಟ್ಟಿದ ನೀಲಿ ಬಣ್ಣ ಪಾದದವರೆಗೆ ಇಳಿದರೂ ಹೆದರಬೇಡಿ. ಅದು ಹಸಿರಾಗಿ, ಹಳದಿಯಾಗಿ ಎರಡು ವಾರದಲ್ಲಿ ಮಾಸುತ್ತದೆ. ಮೂರನೇ ವಾರಕ್ಕೆ ನೋವು ಅರ್ಧಕ್ಕಿಂತ ಕಡಿಮೆ ಆಗಿರುತ್ತದೆ. ಹೆಚ್ಚಿನವರು ಮತ್ತೆ ಏಟು ಮಾಡಿಕೊಳ್ಳುವುದು ಆಗಲೇ. "ಸರಿಯಾಯ್ತು" ಎಂದು ಅಡಕೆ ಗೋಣಿ ಹೊರಲು ಹೋಗುತ್ತಾರೆ. ಎಲುಬು ಗಟ್ಟಿಯಾಗಲು 4ರಿಂದ 6 ವಾರ ಬೇಕು, ಹೆಬ್ಬೆರಳಿಗೆ ಇನ್ನೂ ಒಂದೆರಡು ವಾರ ಜಾಸ್ತಿ.

ನಾಲ್ಕನೇ ವಾರದಿಂದ ಬೆರಳನ್ನು ಕೈಯಿಂದ ಮೆಲ್ಲಗೆ ಮೇಲೆ ಕೆಳಗೆ ಆಡಿಸಿ. ನೆಲದ ಮೇಲೆ ಹಾಸಿದ ತೋರ್ತನ್ನು (ತೆಳು ಟವೆಲನ್ನು) ಬೆರಳಿನಿಂದ ಮುದುಡಿಸುವುದು, ಚೆಲ್ಲಿದ ಒಣ ಅಡಕೆಯನ್ನು ಬೆರಳಿನಿಂದ ಹೆಕ್ಕಿ ಬಟ್ಟಲಿಗೆ ಹಾಕುವುದು ಒಳ್ಳೆ ವ್ಯಾಯಾಮ. ಬಿಗಿದಂತೆ ಅನಿಸುವುದು ಸಹಜ. ಚುಚ್ಚುವ ನೋವು ಬಂದರೆ ನಿಲ್ಲಿಸಿ. ಈ ವಾರಗಳಲ್ಲಿ ಪಾದದ ಹೊರಅಂಚಿನಲ್ಲೇ ನಡೆಯುವ ಅಭ್ಯಾಸವನ್ನೂ ಬಿಡಬೇಕು, ಇಲ್ಲದಿದ್ದರೆ ಬೆರಳು ಗುಣವಾಗಿ ಮೊಣಕಾಲು ಸೊಂಟ ಹಿಡಿದುಕೊಳ್ಳುತ್ತದೆ.

ಆರು ವಾರ ದಾಟಿದ ಮೇಲೆ ಒಂದು ಪರೀಕ್ಷೆ: ಗೋಡೆ ಹಿಡಿದು, ನೋವಿದ್ದ ಕಾಲೊಂದರ ಮೇಲೇ ನಿಂತು, ಹಿಮ್ಮಡಿ ಎತ್ತಿ ಹತ್ತು ಸಲ ಏರಿಳಿಯಿರಿ. ನೋವಿಲ್ಲದೆ ಆಯಿತೆಂದರೆ ಓಡಬಹುದು, ವಾಲಿಬಾಲ್ ಆಡಬಹುದು. ಯಕ್ಷಗಾನ ಕಲಿಯುವ ಮಕ್ಕಳು ಮೊದಲು ನಿಂತಲ್ಲೇ ಹೆಜ್ಜೆ ಹಾಕಲಿ, ಒಂದು ವಾರ ಕಳೆದ ಮೇಲೆ ಹಾರಿ ಸುತ್ತುವ ಧೀಂಗಿಣ. ನಮ್ಮ ಕಡೆಯ ಯಕ್ಷಗಾನ ಶೈಲಿಯಾದ ತೆಂಕುತಿಟ್ಟಿನಲ್ಲಿ ಹಾರಿ ಬರಿಗಾಲಲ್ಲಿ ಊರುವಾಗ ಮುಂಗಾಲಿಗೇ ಏಟು ಬೀಳುವುದು. ಪಾದಗಳಿಗೆ ತಳೆ (ಹಗ್ಗದ ಬಳೆ) ಹಾಕಿ ಅಡಕೆ ಮರ ಹತ್ತುವುದು ಎಲ್ಲಕ್ಕಿಂತ ಕೊನೆಗೆ, ಪಾದಗಳು ಮರವನ್ನು ಅಪ್ಪಿ ಹಿಡಿಯುವಾಗ ಎಳ್ಳಷ್ಟೂ ನೋವಿರಬಾರದು. ಆ ಎತ್ತರದಲ್ಲಿ ಕಾಲು ಕೈಕೊಟ್ಟರೆ ಹಿಡಿಯಲು ಇನ್ನೇನೂ ಇಲ್ಲ.

ಸಂಜೆ ಹೊತ್ತು ಬೆರಳು ಸ್ವಲ್ಪ ಬಾತುಕೊಳ್ಳುವುದು ಕೆಲವು ತಿಂಗಳವರೆಗೂ ಇರಬಹುದು, ಅದಕ್ಕೆ ಮತ್ತೆ ಎಕ್ಸ್‌ರೇ ಬೇಡ. ಆದರೆ ಆರು ವಾರ ಕಳೆದರೂ ನಡೆಯುವಾಗ ನೋವು ಇಳಿಯದಿದ್ದರೆ, ಬೆರಳು ವಾಲುತ್ತಾ ಬಂದರೆ, ನಡುವೆ ಯಾವಾಗಲಾದರೂ ಕೆಂಪಾಗಿ ಕೀವು, ಜ್ವರ ಕಂಡರೆ, ಮೊದಲು ತೋರಿಸಿದ ಚೀಟಿ ಮತ್ತು ಫಿಲ್ಮ್ ಹಿಡಿದುಕೊಂಡು ಅದೇ ಡಾಕ್ಟರ ಹತ್ತಿರ ಹೋಗಿ.